ನಾಲ್ಕನೆಯ ಬೀದಿ

ದಾರಿಯ ವ್ಯಾಜ್ಯದಲ್ಲಿ "ಇದು ನಮ್ಮ ಖಾಸಗಿ ಜಾಗ" ಎಂಬ ಮಾತು ಯಾವಾಗ ಹೊರಬಿತ್ತು ಎಂಬುದನ್ನು ಮೊದಲು ನೋಡಬೇಕು. ಊರೆಲ್ಲ ತುಳಿದ ದಾರಿಗೆ ತಲೆಮಾರುಗಟ್ಟಲೆ ಇಲ್ಲದ ಒಡೆಯರು, ಬೇಡದವರೊಬ್ಬರು ಅದರ ಮೇಲೆ ಕಾಲಿಟ್ಟ ದಿನ ಹುಟ್ಟಿಕೊಳ್ಳುತ್ತಾರೆ. ಅಲ್ಲಿಯವರೆಗೆ ಅದರ ಪತ್ರ ಯಾರ ಪೆಟ್ಟಿಗೆಯಲ್ಲಿದೆ ಎಂದು ಕೇಳಿದವರೇ ಇರುವುದಿಲ್ಲ. ವೈಕಂ ಸತ್ಯಾಗ್ರಹವನ್ನು ನಾವು ಗಾಂಧೀಜಿಯ ಕಥೆಯಾಗಿ, ದೇವಾಲಯ ಪ್ರವೇಶದ ಮೊದಲ ಮೆಟ್ಟಿಲಾಗಿ ಓದುತ್ತ ಬಂದಿದ್ದೇವೆ. ಆದರೆ 1924-25ರಲ್ಲಿ ಇಪ್ಪತ್ತು ತಿಂಗಳು ಅಲ್ಲಿ ಕೂತವರು ಗುಡಿಯ ಬಾಗಿಲು ತೆರೆಯಿರಿ ಎಂದು ಕೇಳಿರಲಿಲ್ಲ. ಮಹಾದೇವನ ಗುಡಿಯ ನಾಲ್ಕೂ ಕಡೆ ಹಾದುಹೋಗುವ ಬೀದಿಗಳಲ್ಲಿ ನಡೆಯಲು ಬಿಡಿ ಎಂದಷ್ಟೇ ಕೇಳಿದ್ದರು. ಅದು ಅಪ್ಪಟ ರಸ್ತೆಯ ವ್ಯಾಜ್ಯ. ಹಾಗೆಂದು ಓದಿದರೆ ಪಠ್ಯಪುಸ್ತಕ ಹೇಳುವ ಗೆಲುವು ಅಷ್ಟು ದೊಡ್ಡದಾಗಿ ಕಾಣುವುದಿಲ್ಲ. ಸೋಲಿನಿಂದ ಮುಂದೆ ಕಾನೂನು ಕಲಿತ ಪಾಠ ಮಾತ್ರ ದೊಡ್ಡದಾಗಿ ಕಾಣುತ್ತದೆ.

ವೈಕಂ ಸೇರಿದ್ದ ತಿರುವಾಂಕೂರು ಸಂಸ್ಥಾನ 1865ರಲ್ಲೇ ಒಂದು ಪ್ರಕಟಣೆ ಹೊರಡಿಸಿತ್ತು: ರಾಜ್ಯದ ಸಾರ್ವಜನಿಕ ರಸ್ತೆಗಳೆಲ್ಲ ಎಲ್ಲ ಜಾತಿಯವರಿಗೂ ಮುಕ್ತ. ಊರುಗಳು ಅದನ್ನು ಲೆಕ್ಕಕ್ಕಿಡಲಿಲ್ಲ. 1884ರಲ್ಲಿ ಅದನ್ನೇ ಮತ್ತೆ ಹೇಳಿ, ಮೀರಿದವರು ಸರ್ಕಾರದ ಸಿಟ್ಟಿಗೆ ಗುರಿಯಾಗುತ್ತಾರೆಂಬ ಎಚ್ಚರಿಕೆಯನ್ನೂ ಸೇರಿಸಬೇಕಾಯಿತು. ಮಾತು ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಈ ಪ್ರಕಟಣೆಯ ಅರ್ಥವೇನೆಂಬ ಪ್ರಶ್ನೆ ಸಂಸ್ಥಾನದ ಹೈಕೋರ್ಟಿನ ಮುಂದೆ ಹೋದಾಗ ನ್ಯಾಯಾಧೀಶರು ರಸ್ತೆಗಳಲ್ಲಿ ಎರಡು ಬಗೆ ಕಂಡರು. ಒಂದು ರಾಜವೀಧಿ, ಇನ್ನೊಂದು ಗ್ರಾಮವೀಧಿ. ಪ್ರಕಟಣೆ ತೆರೆದದ್ದು ರಾಜವೀಧಿಗಳನ್ನು ಮಾತ್ರ. ವೈಕಂ ಗುಡಿಯ ಸುತ್ತಣ ಬೀದಿಗಳು ಗ್ರಾಮವೀಧಿಗಳು. ಆದೇಶ ಎಳೆಯದಿದ್ದ ಗೆರೆಯನ್ನು ವ್ಯಾಖ್ಯಾನ ಎಳೆಯಿತು. ರಾಜಬೀದಿ, ತೇರುಬೀದಿ, ಕೇರಿ, ಓಣಿ ಎಂಬ ಹೆಸರುಗಳು ನಮ್ಮ ಕಡೆಯೂ ಇವೆ. ಯಾವ ದಾರಿ ಅಗಲ, ಯಾವುದು ಇಕ್ಕಟ್ಟು, ತೇರು ಎಲ್ಲಿ ತಿರುಗುತ್ತದೆ ಎಂಬುದನ್ನು ಅವು ಹೇಳಿಯಾವು. ಯಾರ ಹೆಜ್ಜೆ ಎಲ್ಲಿ ನಿಲ್ಲಬೇಕು ಎಂಬುದನ್ನು ಆ ಹೆಸರಿನಿಂದಲೇ ಹೆಕ್ಕಿ ತೆಗೆದದ್ದು ತಿರುವಾಂಕೂರಿನ ನ್ಯಾಯದ ಚಾತುರ್ಯ. ರಸ್ತೆಯನ್ನು ರಾಜನದು, ಊರಿನದು ಎಂದು ಸೀಳಿದ ಮೇಲೆ 'ದೇವಸ್ವಂನದು', ಅಂದರೆ ಗುಡಿಯ ಆಸ್ತಿ, ಎನ್ನಲು ಒಂದೇ ಹೆಜ್ಜೆ ಉಳಿದಿತ್ತು.

ಈ ಬೀದಿಗಳಲ್ಲಿ ಯಾರು ನಡೆಯುತ್ತಿದ್ದರು? ಸವರ್ಣರು ಸರಿ, ಕ್ರೈಸ್ತರೂ ಮುಸಲ್ಮಾನರೂ ನಡೆಯುತ್ತಿದ್ದರು. ಇಲ್ಲಿಂದ ಮುಂದೆ ಬರಕೂಡದೆಂದು ನೆಟ್ಟ ಮೈಲಿಗೆಯ ಹಲಗೆಯ ಆಚೆ ನಿಲ್ಲಬೇಕಿದ್ದ ಈಳವನೊಬ್ಬ ಮತ ಬದಲಿಸಿ ಬಂದರೆ ಅದೇ ಬೀದಿಯಲ್ಲಿ ತಲೆಯೆತ್ತಿ ಹೋಗಬಹುದಿತ್ತು. ದನ ನಾಯಿಗಳ ಮಾತು ಬಿಡಿ. ಜಾತಿಯ ಕ್ರೌರ್ಯಕ್ಕೆ ಉದಾಹರಣೆಯಾಗಿ ಇದನ್ನು ಆಗಿನಿಂದಲೂ ಹೇಳುತ್ತ ಬಂದಿದ್ದಾರೆ. ಆಸ್ತಿಯ ಪ್ರಶ್ನೆಗೂ ಇದಕ್ಕಿಂತ ಒಳ್ಳೆಯ ಸಾಕ್ಷ್ಯ ಬೇಕಿಲ್ಲ. ಖಾಸಗಿ ದಾರಿಯೆಂದರೆ ಒಡೆಯನ ಅಪ್ಪಣೆ ಪಡೆದು ನಡೆಯುವ ದಾರಿ; ಗುರುತಿಲ್ಲದವನು ಕೇಳದೆ ಬಂದರೆ ಅತಿಕ್ರಮಣ. ವೈಕಂನಲ್ಲಿ ಪರಊರಿನ ಕ್ರೈಸ್ತ ವ್ಯಾಪಾರಿಯನ್ನು ನಿಲ್ಲಿಸಿ ನೀನ್ಯಾರು ಎಂದು ಕೇಳಿದವರಿಲ್ಲ. ಒಬ್ಬೊಬ್ಬರಿಗೆ ಅಪ್ಪಣೆ ಕೊಡುವ ಗೋಜಿಲ್ಲದೆ ಲೋಕಕ್ಕೆಲ್ಲ ತೆರೆದು, ಕೆಲವು ಜಾತಿಗಳಿಗೆ ಮಾತ್ರ ಮುಚ್ಚಿದ ದಾರಿ ಅದು. ಅದಕ್ಕೆ ಖಾಸಗಿ ದಾರಿ ಎಂಬ ಹೆಸರು ಒಪ್ಪುವುದಿಲ್ಲ.

ದೇವಸ್ವಂನ ಒಡೆತನ ಎಂಬುದನ್ನಾದರೂ ತುಸು ಬಿಡಿಸಿ ನೋಡೋಣ. 1811-12ರಲ್ಲಿ ಬ್ರಿಟಿಷ್ ರೆಸಿಡೆಂಟನೂ ದಿವಾನನೂ ಆಗಿದ್ದ ಕರ್ನಲ್ ಮನ್ರೊ 348 ದೊಡ್ಡ ದೇವಾಲಯಗಳನ್ನು, ಅವುಗಳ ಜಮೀನಿನ ಸಮೇತ, ಸರ್ಕಾರದ ವಶಕ್ಕೆ ತೆಗೆದುಕೊಂಡಿದ್ದ. ಅಲ್ಲಿಂದ ನೂರಕ್ಕೂ ಹೆಚ್ಚು ವರ್ಷ ಗುಡಿಯ ಜಮೀನಿನ ಹುಟ್ಟುವಳಿ ಸೇರಿದ್ದು ಸಂಸ್ಥಾನದ ಬೊಕ್ಕಸಕ್ಕೆ, ಪೂಜೆಯ ಖರ್ಚು ಹೊರಟದ್ದೂ ಅಲ್ಲಿಂದಲೇ. ದೇವಸ್ವಂ ಎಂಬ ಪ್ರತ್ಯೇಕ ಇಲಾಖೆ ರೂಪುಗೊಂಡದ್ದು 1922ರ ಘೋಷಣೆಯ ನಂತರ, ಅಂದರೆ ಸತ್ಯಾಗ್ರಹಕ್ಕೆ ಎರಡು ವರ್ಷ ಮುಂಚೆ. ಸರ್ಕಾರದ ಒಂದು ಇಲಾಖೆಯ ಬೀದಿಯನ್ನು ಅದೇ ಸರ್ಕಾರದ ಎದುರು ಖಾಸಗಿ ಎನ್ನುವುದು ತಾಲ್ಲೂಕು ಕಚೇರಿಯ ಅಂಗಳವನ್ನು ತಹಸೀಲ್ದಾರರ ಹಿತ್ತಿಲು ಎಂದ ಹಾಗೆ. ಬೀದಿಗಳ ನಿರ್ವಹಣೆಗೆ ಸಾರ್ವಜನಿಕ ಹಣ ಖರ್ಚಾಗುತ್ತಿದೆ ಎಂದು ಸತ್ಯಾಗ್ರಹಿಗಳು ಮತ್ತೆ ಮತ್ತೆ ಹೇಳಿದರು. ಇನ್ನೂ ಒಂದು ಸಂಗತಿಯಿದೆ. ಖಾಸಗಿ ಜಮೀನಿಗೆ ಯಾರಾದರೂ ನುಗ್ಗಿದರೆ ಒಡೆಯ ಸಿವಿಲ್ ಕೋರ್ಟಿಗೆ ಹೋಗುತ್ತಾನೆ, ದಾವೆ ಹೂಡುತ್ತಾನೆ, ಪತ್ರ ತೋರಿಸುತ್ತಾನೆ. ವೈಕಂನಲ್ಲಿ ಬೇಲಿ ಹಾಕಿಸಿದ್ದು, ನಿಷೇಧಾಜ್ಞೆ ಹೊರಡಿಸಿದ್ದು, ಹಗಲಿರುಳು ಕಾವಲು ಕಾದದ್ದು ಎಲ್ಲ ಸರ್ಕಾರವೇ. ಪತ್ರ ತೋರಿಸುವ ಹೊರೆ ಒಡೆಯರೆಂದವರ ಮೇಲೆ ಬೀಳಲೇ ಇಲ್ಲ.

ಇಷ್ಟಾದರೂ ದೇವಸ್ವಂನ ಒಡೆತನ ನಿಜವೇ ಆಗಿತ್ತು ಎಂದು ವಾದಕ್ಕಾಗಿ ಒಪ್ಪಿಕೊಳ್ಳೋಣ. ಆಗಲೂ ವ್ಯಾಜ್ಯ ಮುಗಿಯುವುದಿಲ್ಲ, ಏಕೆಂದರೆ ಮಣ್ಣಿನ ಹಕ್ಕು ಬೇರೆ, ನಡೆಯುವ ಹಕ್ಕು ಬೇರೆ. ಬ್ರಿಟಿಷ್ ಇಂಡಿಯಾದ ವಕೀಲರೆಲ್ಲ ಓದುತ್ತಿದ್ದ ಇಂಗ್ಲಿಷ್ ಕಾನೂನು 1795ರ ಡೋವಾಸ್ಟನ್ ಮತ್ತು ಪೇನ್ ಮೊಕದ್ದಮೆಯಲ್ಲೇ ಇದನ್ನು ಸ್ಪಷ್ಟ ಮಾಡಿತ್ತು: ಹೆದ್ದಾರಿಯ ನೆಲ ಪಕ್ಕದ ಜಮೀನುದಾರನದೇ ಇರಬಹುದು, ಅದರ ಮೇಲೆ ಹಾದುಹೋಗುವ ಹಕ್ಕು ಮಾತ್ರ ಪ್ರಜೆಗಳೆಲ್ಲರದು. ಈ ವಿಂಗಡಣೆ ಒಡೆಯನಿಗೂ ಬಲ ಕೊಡುತ್ತದೆ. 1893ರ ಒಂದು ತೀರ್ಪಿನ ಸಂಗತಿ ಸ್ವಾರಸ್ಯವಾಗಿದೆ. ರಟ್‌ಲೆಂಡಿನ ಡ್ಯೂಕ್ ಹಕ್ಕಿಬೇಟೆಗೆ ಬಂದಾಗ ಹ್ಯಾರಿಸನ್ ಎಂಬಾತ ರಸ್ತೆಯ ಮೇಲೆ ನಿಂತು ಕೊಡೆ ಬಿಚ್ಚಿ ಮುಚ್ಚಿ, ಕರವಸ್ತ್ರ ಬೀಸಿ ಹಕ್ಕಿಗಳನ್ನು ಚದರಿಸುತ್ತಿದ್ದ. ಡ್ಯೂಕನ ಆಳುಗಳು ಅವನನ್ನು ನೆಲಕ್ಕೆ ಒತ್ತಿ ಹಿಡಿದರು. ಅವನು ಕೋರ್ಟಿಗೆ ಹೋದ, ಸೋತ. ರಸ್ತೆಯ ಮಣ್ಣು ಡ್ಯೂಕನದು, ಸಾರ್ವಜನಿಕರಿಗೆ ಇರುವುದು ಹಾದುಹೋಗುವ ಹಕ್ಕು, ಕೊಡೆಯಾಡಿಸುವ ಹಕ್ಕಲ್ಲ ಎಂದಿತು ನ್ಯಾಯಾಲಯ. ಹ್ಯಾರಿಸನ್ ಮೇಲೆ ಕನಿಕರ ಹುಟ್ಟಿದರೂ ತೀರ್ಪು ವೈಕಂನವರ ಪರವಾಗಿಯೇ ಇದೆ: ಡ್ಯೂಕನಂಥ ಡ್ಯೂಕನೂ ಅವನನ್ನು ಸುಮ್ಮನೆ ನಡೆದು ಹೋಗದಂತೆ ತಡೆಯಲಾರ. ಇಷ್ಟು ದೂರ ಹೋಗುವುದೂ ಬೇಡ. ಪಕ್ಕದ ಮದ್ರಾಸಿನ ಹೈಕೋರ್ಟು 1883ರಲ್ಲಿ ಸೇಲಂನ ಮೆರವಣಿಗೆ ವಿವಾದದಲ್ಲಿ, ಸಾರ್ವಜನಿಕ ಬೀದಿಯ ಬಳಕೆಯನ್ನು ಒಂದು ಪಂಗಡ ಇನ್ನೊಂದರಿಂದ ಶಾಶ್ವತವಾಗಿ ಕಸಿಯುವಂತಿಲ್ಲ ಎಂದಿತ್ತು. ಆ ತೀರ್ಪಿಗೆ ತಿರುವಾಂಕೂರು ಬದ್ಧವಾಗಬೇಕಿರಲಿಲ್ಲ, ನಿಜ. ಗೊತ್ತಿರಲಿಲ್ಲ ಎನ್ನುವಂತಿರಲಿಲ್ಲ.

ಕರ್ನಾಟಕದ ರೈತರಿಗೆ ಈ ವಿಂಗಡಣೆಯನ್ನು ಇಂಗ್ಲೆಂಡಿನಿಂದ ತಂದು ತೋರಿಸಬೇಕಿಲ್ಲ. ಅವರ ಸರ್ವೆ ನಂಬರಿನಲ್ಲೇ ಇಷ್ಟು ಗುಂಟೆ 'ಬಿ ಖರಾಬು' ಎಂದು ಬರೆದಿರುತ್ತದೆ. ರಸ್ತೆ, ಗುರುತಿಸಿದ ಕಾಲುದಾರಿ, ಹಳ್ಳಕೊಳ್ಳಗಳ ಜಾಗ ಅದು. ನಾಲ್ಕೂ ಕಡೆ ಹೊಲ ಅವರದೇ ಆದರೂ ಅಷ್ಟಕ್ಕೆ ಕಂದಾಯವಿಲ್ಲ, ಉಳುವ ಹಕ್ಕೂ ಇಲ್ಲ. ಗ್ರಾಮ ನಕಾಶೆಯಲ್ಲಿ ಚುಕ್ಕೆಗೆರೆಯಾಗಿ ಹಾದುಹೋಗುವ ಬಂಡಿದಾರಿಯ ಮೇಲೆ ಬೇಲಿ ಹಾಕಿದವರು ಆಡುವ ಮೊದಲ ಮಾತು "ನಮ್ಮ ನಂಬರಿನಲ್ಲಿದೆ" ಎಂಬುದೇ. ನಂಬರು ಅವರದಿರಬಹುದು. ಬಂಡಿ ಊರಿನದು.

ಇಲ್ಲಿ ಒಂದು ಗಟ್ಟಿ ಆಕ್ಷೇಪಣೆ ಏಳುತ್ತದೆ. ಬಳಕೆಯಿಂದ ಹಕ್ಕು ಹುಟ್ಟುತ್ತದೆ ಎನ್ನುವುದಾದರೆ ಬಳಸದವರಿಗೆ ಹಕ್ಕು ಎಲ್ಲಿಂದ ಬಂತು? 1882ರ ಈಸ್‌ಮೆಂಟ್ ಕಾಯ್ದೆ, ಇಪ್ಪತ್ತು ವರ್ಷ ಬಹಿರಂಗವಾಗಿ, ತಕರಾರಿಲ್ಲದೆ, ಹಕ್ಕೆಂದೇ ನಡೆದವನಿಗೆ ದಾರಿಯ ಹಕ್ಕು ಕೊಡುತ್ತದೆ. ಈಳವರೂ ಪುಲಯರೂ ವೈಕಂ ಬೀದಿಯಲ್ಲಿ ಇಪ್ಪತ್ತು ವರ್ಷವಿರಲಿ, ಇಪ್ಪತ್ತು ಹೆಜ್ಜೆಯೂ ನಡೆದಿರಲಿಲ್ಲ. ಲೆಕ್ಕ ಸರಿಯಾಗಿ ಕಾಣುತ್ತದೆ. ಬಲ ಹಾಕಿ ತಡೆದವರೇ ಮುಂದೆ ಆ ತಡೆಯನ್ನು ರುಜುವಾತಾಗಿ ಒಪ್ಪಿಸುವ ಲೆಕ್ಕ ಇದು. ಉತ್ತರ ಕಾನೂನಿನೊಳಗೇ ಇದೆ. ಇಪ್ಪತ್ತು ವರ್ಷದ ನಿಯಮ ಇರುವುದು ಒಬ್ಬರ ಹೊಲದ ಮೇಲೆ ಇನ್ನೊಬ್ಬರು ಪಡೆಯುವ ಖಾಸಗಿ ಹಕ್ಕಿಗೆ. ಸಾರ್ವಜನಿಕ ದಾರಿಯ ಹಕ್ಕನ್ನು ಮನೆಮನೆಯವರು, ಜಾತಿಜಾತಿಯವರು ಬೇರೆ ಬೇರೆಯಾಗಿ ನಡೆದು ಗಳಿಸಬೇಕಿಲ್ಲ. ದಾರಿಯೊಂದು ಲೋಕಕ್ಕೆ ತೆರೆದುಕೊಂಡಿತೆಂದರೆ ನಿನ್ನೆ ಕಾಶಿಯಿಂದ ಬಂದಿಳಿದವನಿಗೂ ಅದರಲ್ಲಿ ಊರಿನ ಹಿರಿಯನಷ್ಟೇ ಹಕ್ಕು. ಕ್ರೈಸ್ತ ವ್ಯಾಪಾರಿಯ ಹೆಜ್ಜೆಗಳು ಪುಲಯನಿಗೂ ದಾರಿ ಮಾಡಿಕೊಟ್ಟಿದ್ದವು, ಇಬ್ಬರಿಗೂ ಅದು ಗೊತ್ತಿಲ್ಲದೆ.

1924ರ ಮಾರ್ಚ್ 30ರಂದು ನಡೆದದ್ದನ್ನು ಈ ಬೆಳಕಿನಲ್ಲಿ ನೋಡಬೇಕು. ಹಿಂದಿನ ವರ್ಷ ಕಾಕಿನಾಡ ಕಾಂಗ್ರೆಸ್ಸಿನಲ್ಲಿ ಟಿ.ಕೆ. ಮಾಧವನ್ ಈ ಪ್ರಶ್ನೆಯನ್ನು ಎತ್ತಿ ಬೆಂಬಲ ಪಡೆದಿದ್ದರು. ಅಂದು ಹಲಗೆಯ ಕಡೆಗೆ ಹೊರಟ ಮೂವರು: ಪುಲಯರ ಕುಂಜಪ್ಪಿ, ಈಳವರ ಬಾಹುಲೇಯನ್, ನಾಯರ್ ಸಮುದಾಯದ ಗೋವಿಂದ ಪಣಿಕ್ಕರ್. ಪೊಲೀಸರು ತಡೆದು ಕೇಳಿದ್ದು ಹೆಸರನ್ನಲ್ಲ, ಜಾತಿಯನ್ನು. ಪಣಿಕ್ಕರ್ ಹೋಗಬಹುದು, ಉಳಿದಿಬ್ಬರು ಕೂಡದು ಎಂದರು. ಜೊತೆಯವರನ್ನು ಬಿಟ್ಟು ಪಣಿಕ್ಕರ್ ಹೋಗಲೊಪ್ಪಲಿಲ್ಲ, ಮೂವರೂ ಸೆರೆಯಾದರು. ಒಡೆತನದ ವ್ಯಾಜ್ಯವಾಗಿದ್ದರೆ ಆ ಹೊತ್ತಿನಲ್ಲಿ ಕೇಳಬೇಕಾದ ಪ್ರಶ್ನೆ ದೇವಸ್ವಂ ಅಪ್ಪಣೆ ಇದೆಯೇ ಎಂಬುದು. ಆ ಪ್ರಶ್ನೆ ಯಾರ ಬಾಯಲ್ಲೂ ಬರಲಿಲ್ಲ. ಮುಂದೆ ನಾಯಕರೆಲ್ಲ ಸೆರೆಯಾದಾಗ, ಮನೆಮಾತು ಕನ್ನಡವಾಗಿದ್ದ ಈರೋಡಿನ ಇ.ವಿ. ರಾಮಸ್ವಾಮಿ ಬಂದು ಚಳವಳಿಗೆ ಹೆಗಲು ಕೊಟ್ಟು ತಾವೂ ಜೈಲು ಕಂಡರು. ಜುಲೈಯಲ್ಲಿ ಕೇರಳ ಇಂದಿಗೂ ನೆನೆಯುವ ಮಹಾಪೂರ ಬಂತು. ಸತ್ಯಾಗ್ರಹಿಗಳು ಕುತ್ತಿಗೆಯ ಮಟ್ಟದ ನೀರಿನಲ್ಲಿ ನಿಂತರು, ಪೊಲೀಸರು ದೋಣಿಯಲ್ಲಿ ಕೂತು ಬೇಲಿ ಕಾದರು. ರಸ್ತೆ ಕಾಣದಂತೆ ಮುಳುಗಿದ್ದರೂ ಅದರ ಗಡಿ ಮುಳುಗಿರಲಿಲ್ಲ.

ಇದು ರಸ್ತೆಯ ವಿಷಯವೇ ಅಲ್ಲ, ಧರ್ಮದ ವಿಷಯ ಎಂಬುದು ಇನ್ನೊಂದು ಆಕ್ಷೇಪಣೆ. 1925ರ ಮಾರ್ಚ್ 10ರಂದು ಗಾಂಧೀಜಿ ಇಂಡಂತುರುತ್ತಿ ಮನೆಗೆ ಹೋಗಿ ಅಲ್ಲಿನ ನಂಬೂದಿರಿಯನ್ನು ಕಂಡಾಗ ಅವರ ಕಡೆಯವರು ಹಿಡಿದ ವಾದ ಇದೇ. ಗಾಂಧೀಜಿ ಬ್ರಾಹ್ಮಣರಲ್ಲದ್ದರಿಂದ ಮಾತುಕತೆ ಮನೆಯ ಒಳಗಲ್ಲ, ಹೊರಗಿನ ಮಂಟಪದಲ್ಲಿ ನಡೆಯಿತು. ನಂಬೂದಿರಿಗಳು ಶಾಸ್ತ್ರ ತೋರಿಸಿದರು, ಪೂರ್ವಜನ್ಮದ ಕರ್ಮ ಎಂದರು, ಪಾಲಿಸಿಕೊಂಡು ಬಂದ ಆಚಾರ ಎಂದರು. ಗಮನಿಸಿ, ಧರ್ಮದ ವಾದಕ್ಕೆ ಒಡೆತನದ ಪತ್ರ ಬೇಕಿಲ್ಲ. ಒಡೆತನದ ವಾದಕ್ಕೆ ಶಾಸ್ತ್ರ ಬೇಕಿಲ್ಲ. ಎರಡನ್ನೂ ಒಟ್ಟಿಗೆ ಹಿಡಿಯುವವರಿಗೆ ಎರಡರಲ್ಲೂ ಪೂರ್ತಿ ನಂಬಿಕೆಯಿಲ್ಲ ಎಂದೇ ನನ್ನ ಅನುಮಾನ. ಗಾಂಧೀಜಿ ಕೊಟ್ಟ ಸಲಹೆಗಳೂ ನನಗೆ ಒಗ್ಗುವುದಿಲ್ಲ. ಸವರ್ಣರ ಅಭಿಪ್ರಾಯ ಕೇಳಿ ಮತ ತೆಗೆಯೋಣ, ಇಲ್ಲವೇ ಪಂಡಿತರ ಪಂಚಾಯ್ತಿಗೆ ಒಪ್ಪಿಸೋಣ ಎಂದರು ಅವರು. ಅವರ ಮಾರ್ಗಕ್ಕೆ ಅದು ತಕ್ಕದ್ದೇ ಇರಬಹುದು; ಎದುರಾಳಿಯ ಮನಸ್ಸನ್ನು ಒಲಿಸಿಕೊಳ್ಳುವುದು ಅವರಿಗೆ ತೀರ್ಪಿಗಿಂತ ದೊಡ್ಡದು. ಆದರೆ ತಡೆದವರ ಮತ ಎಣಿಸಿ ತಡೆಯಲ್ಪಟ್ಟವರ ಹಕ್ಕನ್ನು ಅಳೆಯುವುದೆಂದರೆ ಅದನ್ನು ಹಕ್ಕೆಂದು ಒಪ್ಪಿಲ್ಲ ಎಂದೇ ಅರ್ಥ. ಮತದ ಗತಿ ಏನೆಂಬುದು ಆಗಲೇ ಕಂಡೂ ಆಗಿತ್ತು. ಹಿಂದಿನ ನವೆಂಬರಿನಲ್ಲಿ ಮನ್ನತ್ತು ಪದ್ಮನಾಭನ್ ಸವರ್ಣರದೇ ಜಾಥಾ ಕಟ್ಟಿಕೊಂಡು ತಿರುವನಂತಪುರಕ್ಕೆ ನಡೆದಿದ್ದರು. 25,000ಕ್ಕೂ ಹೆಚ್ಚು ಸವರ್ಣರು ಸಹಿ ಹಾಕಿದ ಮನವಿ ರಾಜಪ್ರತಿನಿಧಿ ಮಹಾರಾಣಿಗೆ ತಲುಪಿತ್ತು. ಆದರೂ 1925ರ ಫೆಬ್ರವರಿ 7ರಂದು ಶಾಸನ ಪರಿಷತ್ತಿನಲ್ಲಿ ರಸ್ತೆ ತೆರೆಯುವ ನಿರ್ಣಯ 22ಕ್ಕೆ 21 ಮತಗಳಿಂದ ಬಿದ್ದುಹೋಯಿತು. ಒಂದೇ ಒಂದು ಮತ.

ಅದೇ ವರ್ಷದ ನವೆಂಬರಿನಲ್ಲಿ ರಾಜಿಯಾಯಿತು. ಗುಡಿಯ ಉತ್ತರ, ದಕ್ಷಿಣ, ಪಶ್ಚಿಮದ ಬೀದಿಗಳು ಎಲ್ಲರಿಗೂ ತೆರೆದವು. ಪೂರ್ವದ್ದು ಸವರ್ಣರಿಗೇ ಉಳಿಯಿತು. ಅದನ್ನು ತಪ್ಪಿಸಿ ಸುತ್ತಿಬರಲು ಸರ್ಕಾರ ಹೊಸ ದಾರಿ ಮಾಡಿಕೊಟ್ಟಿತು. ನಾಲ್ಕರಲ್ಲಿ ಮೂರು ಸಿಕ್ಕಿತಲ್ಲ, ಶತಮಾನಗಳ ತಡೆಗೆ ಅದು ಸಣ್ಣ ಗೆಲುವೇ ಎಂದು ಕೇಳುವವರಿದ್ದಾರೆ. ನಡೆಯುವ ಕಾಲುಗಳಿಗೆ ಅದು ಸಣ್ಣದಲ್ಲ, ಒಪ್ಪುತ್ತೇನೆ. ಸಂತೆಗೆ ಹೋಗುವವರ ಸುತ್ತು ಕಡಿಮೆಯಾಯಿತು, ಕೂಗಿ ದಾರಿ ಬಿಡಿಸಿಕೊಳ್ಳುವವರ ಗಂಟಲಿನ ದರ್ಪ ತಗ್ಗಿತು. ವ್ಯಾಜ್ಯವಾಗಿ ನೋಡಿದರೆ ಮಾತ್ರ ಪೂರ್ವದ ಬೀದಿಯೇ ಇಡೀ ಕಥೆ. ಬದಲಿ ದಾರಿ ಕೊಡುವುದು ಇಬ್ಬರು ಹೊಲದವರ ನಡುವಿನ ರಾಜಿಯ ಪದ್ಧತಿ: ನನ್ನ ಹೊಲದ ನಡುವೆ ಬರಬೇಡ, ಬದುವಿನ ಮೇಲೆ ಹೋಗು. ಬಂಡಿಗೆ ಬೇಕಾದದ್ದು ಊರು ಸೇರುವುದಾದ್ದರಿಂದ ಅಲ್ಲಿ ಆ ರಾಜಿ ನ್ಯಾಯವೇ. ವೈಕಂನವರು ಊರು ಸೇರುವ ಸಮೀಪದ ದಾರಿ ಕೇಳಿರಲಿಲ್ಲ. ಬೇರೆಯವರು ನಡೆಯುವಲ್ಲಿ ತಾವೂ ನಡೆಯುವುದನ್ನು ಕೇಳಿದ್ದರು. ಹಕ್ಕನ್ನು ಕೇಳಿದವರ ಕೈಗೆ ಸೌಕರ್ಯ ಕೊಟ್ಟು, ಒಡೆತನದ ಸೊಲ್ಲನ್ನು ಒಂದು ಬೀದಿಯ ಮಟ್ಟಿಗಾದರೂ ಸರ್ಕಾರ ಕಾಪಾಡಿತು. 1936ರ ನವೆಂಬರ್ 12ರಂದು ದೇವಾಲಯ ಪ್ರವೇಶದ ಘೋಷಣೆ ಹೊರಟ ಮೇಲೆ ನಾಲ್ಕನೆಯ ಬೀದಿಯ ಪ್ರಶ್ನೆ ಉಳಿಯಲಿಲ್ಲ. ದಾರಿಯ ಹಕ್ಕಿನಿಂದ ಗುಡಿ ತೆರೆಯುತ್ತದೆ ಎಂದುಕೊಂಡಿದ್ದರು. ಕೊನೆಗೆ ಗುಡಿ ತೆರೆದದ್ದರಿಂದ ದಾರಿ ತೆರೆಯಿತು.

ಖಾಸಗಿ ಎಂಬ ಸೊಲ್ಲನ್ನು ಪುರಾವೆಯ ಒರೆಗೆ ಹಚ್ಚಿದ್ದು ಬೇರೊಂದು ಊರಿನ ಮೊಕದ್ದಮೆ. ಅದು ಮುಂಬಯಿ ಪ್ರಾಂತದ ಮಹಾಡ್, ಅಲ್ಲಿ ವ್ಯಾಜ್ಯ ದಾರಿಯದಲ್ಲ, ಚವದಾರ್ ಕೆರೆಯದು. 1923ರ ಆಗಸ್ಟ್ 4ರಂದು ಎಸ್.ಕೆ. ಬೋಲೆಯವರು ಮಂಡಿಸಿದ ನಿರ್ಣಯವನ್ನು ಮುಂಬಯಿ ಶಾಸನ ಪರಿಷತ್ತು ಅಂಗೀಕರಿಸಿತು: ಸಾರ್ವಜನಿಕ ಹಣದಲ್ಲಿ ಕಟ್ಟಿದ, ನಡೆಸುವ ಬಾವಿ, ಕೆರೆ, ಧರ್ಮಶಾಲೆಗಳು ಅಸ್ಪೃಶ್ಯರಿಗೂ ಮುಕ್ತ. ಬೆಳಗಾವಿ, ಧಾರವಾಡ, ಬಿಜಾಪುರ, ಕಾರವಾರಗಳೂ ಆಗ ಆ ಪ್ರಾಂತದ್ದೇ ಆದ್ದರಿಂದ ಈ ಮಾತು ಕನ್ನಡದ ಹಳ್ಳಿಗಳಿಗೂ ಸಲ್ಲುತ್ತಿತ್ತು. 1927ರ ಮಾರ್ಚ್ 20ರಂದು ಅಂಬೇಡ್ಕರ್ ಸಾವಿರಾರು ಜನರೊಡನೆ ಹೋಗಿ ಆ ಕೆರೆಯ ನೀರು ಕುಡಿದರು. ಡಿಸೆಂಬರಿನಲ್ಲಿ ಮತ್ತೆ ಬರುತ್ತಾರೆಂದು ಗೊತ್ತಾದಾಗ ಸವರ್ಣರು ಕೋರ್ಟಿಗೆ ಓಡಿ ತಡೆಯಾಜ್ಞೆ ತಂದರು. ಅವರ ದಾವೆಯ ಸಾರ: ಇದು ಚೌಧರಿ ಕೆರೆ, ಸುತ್ತಣ ಮನೆಗಳವರ ಖಾಸಗಿ ಸ್ವತ್ತು, ಅನಾದಿಯಿಂದ ಬಂದ ರೂಢಿ ಅಸ್ಪೃಶ್ಯರನ್ನು ಹೊರಗಿಟ್ಟಿದೆ. ವೈಕಂನ ಎರಡು ವಾದಗಳೇ ಇವು, ಊರು ಮಾತ್ರ ಬೇರೆ. ವ್ಯತ್ಯಾಸವೆಂದರೆ ಇಲ್ಲಿ ವಾದಿಗಳು ರುಜುವಾತು ಕೊಡಬೇಕಾಯಿತು. ಹತ್ತು ವರ್ಷ ಎಳೆದಾಡಿದ ಮೊಕದ್ದಮೆ 1937ರ ಮಾರ್ಚ್ 17ರಂದು ಮುಂಬಯಿ ಹೈಕೋರ್ಟಿನಲ್ಲಿ ಮುಗಿಯಿತು. ಕೆರೆ ಪುರಸಭೆಯದು, ಅನಾದಿ ರೂಢಿ ರುಜುವಾತಾಗಿಲ್ಲ. ತೀರ್ಪಿತ್ತ ಬ್ರೂಮ್‌ಫೀಲ್ಡ್, 1922ರಲ್ಲಿ ಅಹಮದಾಬಾದಿನಲ್ಲಿ ಗಾಂಧೀಜಿಗೆ ಆರು ವರ್ಷ ಸೆರೆ ವಿಧಿಸಿದ್ದ ಅದೇ ನ್ಯಾಯಾಧೀಶ.

ಅಂಬೇಡ್ಕರ್ ಆ ಮೊಕದ್ದಮೆಯಲ್ಲಿ ಪ್ರತಿವಾದಿ. ಹನ್ನೊಂದು ವರ್ಷದ ಬಳಿಕ, 1948ರ ನವೆಂಬರ್ 29ರಂದು, ಇಂದಿನ 15ನೇ ವಿಧಿಯ ಕರಡು ಸಂವಿಧಾನ ಸಭೆಯ ಮುಂದೆ ಬಂದಾಗ ಕರಡು ಸಮಿತಿಯ ಅಧ್ಯಕ್ಷ. ಆ ವಿಧಿಯ ಎರಡನೇ ಖಂಡ ಬಾವಿ, ಕೆರೆ, ಸ್ನಾನಘಟ್ಟಗಳ ಜೊತೆಗೆ ರಸ್ತೆಯನ್ನೂ ಹೆಸರಿಸಿ, ಜಾತಿಯ ಕಾರಣಕ್ಕೆ ಯಾರನ್ನೂ ತಡೆಯಬಾರದು ಎನ್ನುತ್ತದೆ. ಯಾವ ರಸ್ತೆ? ಪೂರ್ತಿಯಾಗಿ ಅಥವಾ ಭಾಗಶಃ ಸರ್ಕಾರಿ ಹಣದಲ್ಲಿ ನಡೆಯುವಂಥದು, ಅಥವಾ ಸಾರ್ವಜನಿಕರ ಬಳಕೆಗೆ ಮೀಸಲಾದದ್ದು. ಆ ಎರಡನೆಯ 'ಅಥವಾ'ದ ಬೆಲೆ ವೈಕಂ ಮತ್ತು ಮಹಾಡ್ ನೋಡಿದವರಿಗೆ ಗೊತ್ತು. ಮಣ್ಣಿನ ಪತ್ರ ಯಾರ ಹೆಸರಿನಲ್ಲಿದೆ ಎಂಬ ಪ್ರಶ್ನೆಯೇ ಅಲ್ಲಿಲ್ಲ. 1955ರ ಅಸ್ಪೃಶ್ಯತಾ ಅಪರಾಧಗಳ ಕಾಯ್ದೆ ದಾರಿ ತಡೆಯುವುದನ್ನು ಅಪರಾಧವಾಗಿಸಿತು. 1976ರ ತಿದ್ದುಪಡಿ, ಒಡೆಯನೇ ಸಾರ್ವಜನಿಕ ಪೂಜೆಗೆ ಬಿಟ್ಟಿರುವ ಖಾಸಗಿ ಗುಡಿಯೂ ಸಾರ್ವಜನಿಕ ಪೂಜಾಸ್ಥಳವೇ ಎಂದು ಸೇರಿಸಿ ಉಳಿದ ಕಿಂಡಿಯೊಂದನ್ನೂ ಮುಚ್ಚಿತು.

ಹಾಗಾದರೆ ಖಾಸಗಿ ದಾರಿ ಎಂಬುದೇ ಇಲ್ಲವೇ, ತನ್ನ ಅಂಗಳಕ್ಕೆ ಗೇಟು ಹಾಕುವ ಹಕ್ಕು ಯಾರಿಗೂ ಇಲ್ಲವೇ? ಇದೆ. ತೋಟದ ಮನೆಗೆ ಹೋಗುವ ದಾರಿಗೆ ತಡೆಗೋಲು ಇಟ್ಟವರನ್ನು ಈ ವಾದ ಮುಟ್ಟುವುದಿಲ್ಲ. ಆ ದಾರಿ ಲೋಕಕ್ಕೆ ಎಂದೂ ತೆರೆದಿರಲಿಲ್ಲ. ತೆರೆದ ಮೇಲೆ, ಅದರಲ್ಲೂ ತೆರೆದದ್ದರ ಲಾಭ ಪಡೆದ ಮೇಲೆ, ಆಯ್ದು ಮುಚ್ಚುವುದಕ್ಕೆ ಇದು ಅಡ್ಡ ಬರುತ್ತದೆ. ಬೆಂಗಳೂರಿನ ಬಡಾವಣೆಗಳಲ್ಲಿ ನಕ್ಷೆ ಮಂಜೂರು ಮಾಡಿಸಿಕೊಳ್ಳುವಾಗ ರಸ್ತೆಗಳನ್ನು ಪ್ರಾಧಿಕಾರಕ್ಕೆ ಬಿಟ್ಟುಕೊಟ್ಟು, ಮನೆ ಮಾರಿದ ಮೇಲೆ ಅದೇ ರಸ್ತೆಗೆ ಗೇಟು, ಕಾವಲುಗಾರ, ಬರೆಸಿಕೊಳ್ಳುವ ಪುಸ್ತಕ ಇಡುವುದುಂಟು. ಬಿಟ್ಟುಕೊಟ್ಟ ರಸ್ತೆ ಸಾರ್ವಜನಿಕರದು, ಅಲ್ಲಿ ಯಾರನ್ನೂ ತಡೆಯುವಂತಿಲ್ಲ ಎಂದು ಕರ್ನಾಟಕ ಹೈಕೋರ್ಟು ಹೇಳಿದೆ. ಆ ಗೇಟಿನಲ್ಲಿ ಯಾರನ್ನು ನಿಲ್ಲಿಸಿ ಕೇಳುತ್ತಾರೆ, ಯಾರಿಗೆ ಸಲಾಮು ಹೊಡೆದು ಬಿಡುತ್ತಾರೆ ಎಂಬುದನ್ನು ಅರ್ಧ ಗಂಟೆ ನಿಂತು ನೋಡಿದರೆ ರಾಜವೀಧಿ ಗ್ರಾಮವೀಧಿಗಳ ವಿಂಗಡಣೆ ಪೂರ್ತಿ ಹಳೆಯದಾಗಿಲ್ಲ ಎಂದು ತಿಳಿಯುತ್ತದೆ.

ಈ ಕಥೆಯಲ್ಲಿ ಅತಿ ಹೆಚ್ಚು ತಿರುವು ಕಂಡ ಪದ 'ರೂಢಿ'. ವೈಕಂನಲ್ಲೂ ಮಹಾಡಿನಲ್ಲೂ ಅದು ತಡೆದವರ ಆಯುಧ. ಖಾಸಗಿ ಎಂಬ ವಾದ ಸೋತರೂ ರೂಢಿ ಗೆಲ್ಲಿಸುತ್ತದೆ ಎಂದು ನಂಬಿದ್ದರು. 1989ರ ಪರಿಶಿಷ್ಟ ಜಾತಿ ಮತ್ತು ಪಂಗಡಗಳ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅದೇ ಪದ ಎದುರು ಪಕ್ಷ ಸೇರಿತು. ಸಾರ್ವಜನಿಕ ಸ್ಥಳಕ್ಕೆ ಹೋಗಲು ರೂಢಿಯಿಂದ ಬಂದ ದಾರಿಯ ಹಕ್ಕನ್ನು ಈ ಸಮುದಾಯಗಳವರಿಗೆ ನಿರಾಕರಿಸುವುದು ಅದರ ಪ್ರಕಾರ ಅಪರಾಧ. ಮಣ್ಣು ಯಾರದಾದರೂ ಇರಲಿ, ಶಿಕ್ಷೆ ಆರು ತಿಂಗಳಿಗೆ ಕಡಿಮೆಯಿಲ್ಲದ, ಐದು ವರ್ಷದವರೆಗಿನ ಸೆರೆವಾಸ ಮತ್ತು ದಂಡ.